ಈ ಸಲದ ದೊಡ್ಡ ಬಾವುಟ

ಸೆಪ್ಟೆಂಬರ್ 24, ಬುಧವಾರ

ಕೂತರೆ ಏಳಬೇಕು ಅನಿಸುತ್ತದೆ. ಎದ್ದರೆ ಎಲ್ಲಿಗೆ ಹೋಗಬೇಕೋ ಗೊತ್ತಾಗುವುದಿಲ್ಲ. ಅಂಗಡಿ ಬಾಗಿಲು ಮತ್ತೆ ತೆಗೆದ ಮೇಲೆ ಒಂದು ಬ್ಲೌಸನ್ನೂ ಬಿಚ್ಚದೆ ಹೊಲಿದಿದ್ದಿಲ್ಲ. ಇವತ್ತು ಬೆಳಗ್ಗೆ ಸಂಘಮಿತ್ರಾ ಲ್ಯಾಬಿಗೆ ಹೊರಡುವಾಗ ಈ ಡೈರಿಯನ್ನು ಮಿಷನ್ ಮೇಲೆ ಇಟ್ಟು, "ಒಬ್ಳೇ ಮಾತಾಡೋದು ಬಿಟ್ಟು ಇದರಲ್ಲಿ ಬರಿ ಅಮ್ಮ, ದಾರೀಲಿ ಹೋಗೋರು ನೋಡ್ತಾರೆ" ಅಂದಳು. ನೋಡಿಕೊಳ್ಳಲಿ. ನಾನು ಒಬ್ಬಳೇ ಮಾತಾಡುವುದಿಲ್ಲ, ಇವರ ಜೊತೆ ಮಾತಾಡುತ್ತೇನೆ. ಅದನ್ನು ಮಗಳಿಗೆ ಹೇಳಿದರೆ ನನ್ನನ್ನು ಡಾಕ್ಟರ ಹತ್ತಿರ ಎಳೆದುಕೊಂಡು ಹೋಗುತ್ತಾಳೆ.

ಇವರು ಜೂನ್ ತಿಂಗಳಲ್ಲಿ ಹೋದರು. ಶರ್ಟಿನ ಕಾಲರ್ ಕತ್ತರಿಸುತ್ತಿದ್ದವರು ಮೇಜಿನ ಮೇಲೆ ಹಾಗೇ ತಲೆ ಇಟ್ಟರು. ಸುಸ್ತಾಗಿರಬೇಕು ಅಂದುಕೊಂಡು ನಾನು ಕಾಫಿ ತರಲು ಒಳಗೆ ಹೋದೆ.

ಸಾಕು. ಬೇರೆ ಏನಾದರೂ ಬರೆಯುತ್ತೇನೆ. ನಮ್ಮ ಅಂಗಡಿಗೆ ಈಗ ಬಾವುಟದ ಕಾಲ. ರಾಜ್ಯೋತ್ಸವ ಹತ್ತಿರ ಬಂದರೆ ಆಟೋಗೆ, ಬೈಕಿಗೆ, ಸ್ಕೂಲಿಗೆ ಹಳದಿ ಕೆಂಪು ಹೊಲಿದು ಹೊಲಿದು ಕಣ್ಣು ಮುಚ್ಚಿದರೂ ಅದೇ ಬಣ್ಣ. ಅದೆಲ್ಲದರ ಮೇಲೆ ಸರ್ಕಲ್ಲಿನ ಕಂಬಕ್ಕೆ ಒಂದು ದೊಡ್ಡ ಬಾವುಟ. ನಾನು ಮದುವೆಯಾಗಿ ಮೂಡಲಪಾಳ್ಯಕ್ಕೆ ಬಂದ ವರ್ಷದಿಂದ ಅದು ನಮ್ಮಿಬ್ಬರದೇ ಕೆಲಸ. ಇವರು ಕತ್ತರಿಸುತ್ತಾರೆ, ನಾನು ಹೊಲಿಯುತ್ತೇನೆ. ಗಣೇಶನ ಹಬ್ಬ ಮುಗಿಯುತ್ತಿದ್ದ ಹಾಗೆ ಕನ್ನಡ ಸಂಘದ ಅಧ್ಯಕ್ಷರು ಬೈರಪ್ಪನವರು ತಟ್ಟೆಯಲ್ಲಿ ಎಲೆ ಅಡಿಕೆ ಇಟ್ಟು, ಮೇಲೆ ಬಟ್ಟೆ ಇಟ್ಟು ತಂದುಕೊಡುತ್ತಾರೆ. ನಮ್ಮ ಅಂಗಡಿ ಇರುವುದೂ ಅವರ ಕಟ್ಟಡದಲ್ಲೇ.

ಈ ಸಲ ಗಣೇಶ ನೀರಿಗೆ ಹೋಗಿ ದಸರಾ ಗೊಂಬೆ ಕೂತಾಯಿತು. ತಟ್ಟೆ ಇನ್ನೂ ಬಂದಿಲ್ಲ.

ಅಕ್ಟೋಬರ್ 1, ಬುಧವಾರ

ಆಯುಧ ಪೂಜೆ. ಮಿಷನ್ ಒರೆಸಿ, ಎಣ್ಣೆ ಬಿಟ್ಟು, ಇವರ ಕತ್ತರಿಯನ್ನು ಪಕ್ಕದಲ್ಲಿಟ್ಟೆ. ಕುಂಕುಮದ ಬಟ್ಟಲು ಕೈಗೆ ತೆಗೆದುಕೊಂಡವಳು ಹಾಗೇ ನಿಂತೆ. ಎದುರಿನ ಜೆರಾಕ್ಸ್ ಅಂಗಡಿ ಹೆಂಗಸು ನನ್ನನ್ನೇ ನೋಡುತ್ತಿದ್ದಳು. ಬಟ್ಟಲನ್ನು ಮಗಳ ಕೈಗೆ ಕೊಟ್ಟೆ. ಅವಳು ಮಿಷನ್ನಿಗೆ ಇಟ್ಟಳು, ಕತ್ತರಿಗೆ ಇಟ್ಟಳು, ಇಸ್ತ್ರಿಪೆಟ್ಟಿಗೆಗೂ ಇಟ್ಟಳು. ಬಾಗಿಲ ಶಟರ್‌ಗೂ ಒಂದು ಬೊಟ್ಟು.

ಅಂಗಡಿಯಲ್ಲಿ ಬೊಟ್ಟಿಲ್ಲದ್ದು ನಾನೊಬ್ಬಳೇ. ಹೆಸರು ನೋಡಿದರೆ ಕಲ್ಯಾಣಮ್ಮ. ನಗು ಬಂತು, ಆಮೇಲೆ ಅಳು ಬಂತು, ಎರಡನ್ನೂ ನುಂಗಿ ಕುಂಬಳಕಾಯಿ ಒಡೆಯಲು ಹೋದೆ.

ಅಕ್ಟೋಬರ್ 6, ಸೋಮವಾರ

ಬೈರಪ್ಪನವರ ಮಗ ಅರುಣ್ ಕುಮಾರ್ ಬಂದಿದ್ದ. ಸಂಘದ ಕಾರ್ಯದರ್ಶಿ ಈಗ ಅವನೇ. ಕೈಯಲ್ಲಿ ತಟ್ಟೆ ಇರಲಿಲ್ಲ. ಬಂದವನು ಫ್ಯಾನ್ ನೋಡಿದ, ಕ್ಯಾಲೆಂಡರ್ ನೋಡಿದ, ನನ್ನ ಮುಖವೊಂದನ್ನು ಬಿಟ್ಟು ಎಲ್ಲ ನೋಡಿದ.

"ಆಂಟಿ, ಸಣ್ಣ ಬಾವುಟ ಎಲ್ಲಾ ನಿಮ್ಗೇ. ಸಂಘದ್ದು, ಸ್ಕೂಲುಗಳದ್ದು, ಪೂರ್ತಿ ಆರ್ಡರ್ ನಿಮ್ಗೇ."

"ದೊಡ್ಡದು?"

"ಅದೇ ಆಂಟಿ… ನಮ್ಮಜ್ಜಿ ಏನೋ ಅಂತಾವ್ರೆ. ನಂಗೆ ಇದೆಲ್ಲ ನಂಬಿಕೆ ಇಲ್ಲ, ನಿಮ್ಗೆ ಗೊತ್ತಲ್ಲ. ಆದ್ರೆ ಮನೇಲಿ ಜಗಳ ಬೇಡ ಅಂತ. ಈ ವರ್ಷ ಒಂದು ಬೇರೆ ಕೈಲಿ ಮಾಡ್ಸೋಣ ಅಂತ ಅಪ್ಪ."

ಅವರ ಮನೆಯ ಪದ್ಧತಿ ನನಗೆ ಗೊತ್ತಿಲ್ಲದ್ದೇನಲ್ಲ. ಹಳದಿ ಅಂದರೆ ಅರಿಶಿನ, ಕೆಂಪು ಅಂದರೆ ಕುಂಕುಮ, ಬಾವುಟ ಅಂದರೆ ತಾಯಿ ಭುವನೇಶ್ವರಿಯ ಮಂಗಳದ್ರವ್ಯ. ಹಾಗಾಗಿ ಹೊಲಿದ ದೊಡ್ಡ ಬಾವುಟವನ್ನು ಗಂಡ ಹೆಂಡತಿ ಇಬ್ಬರೂ ಹಿಡಿದು ಅವರ ತಟ್ಟೆಗೆ ಹಾಕಬೇಕು. ಪ್ರತಿ ವರ್ಷ ಹಾಗೇ ಹಾಕಿದ್ದೇವೆ. ಬೈರಪ್ಪನವರ ತಾಯಿ ಅಕ್ಕಯ್ಯಮ್ಮ ಮಹಡಿಯ ಮೇಲಿಂದಲೇ ನೋಡುತ್ತಿದ್ದರು.

"ಅರುಣಾ, ಸಣ್ಣ ಬಾವುಟದ ಬಣ್ಣ ಬೇರೆನಾ?" ಅಂದೆ.

ಅವನು ತಲೆ ಕೆರೆದುಕೊಂಡ. ಹೋಗುವಾಗ ಇನ್ನೊಂದು ಕೆಲಸ ಹೇಳಿದ. ಬಾವುಟದ ಇತಿಹಾಸದ ಮೇಲೆ ಅವನು ಭಾಷಣ ಮಾಡಬೇಕಂತೆ, ಸಂಘಮಿತ್ರಾ ಬರೆದುಕೊಡಬೇಕಂತೆ. ಮಗಳ ಬುದ್ಧಿ ಬೇಕು, ಅಮ್ಮನ ಕೈ ಬೇಡ. ಇವರು ಕೇಳಿದರೆ, "ಹೋಗ್ಲಿ ಬಿಡೇ, ಹುಡುಗ ಒಳ್ಳೆಯವನು" ಅನ್ನುತ್ತಾರೆ. ಇವರಿಗೆ ಎಲ್ಲರೂ ಒಳ್ಳೆಯವರೇ.

ಅಕ್ಟೋಬರ್ 7, ಮಂಗಳವಾರ

ಕತ್ತರಿ ಎಲ್ಲಿಟ್ಟೆನೋ ಸಿಗಲಿಲ್ಲ. ಟೇಪು ಕೊರಳಲ್ಲೇ ಇತ್ತು, ಅದನ್ನೂ ಹುಡುಕಿದೆ. ಹಾಲು ಉಕ್ಕಿಸಿದೆ. ಒಬ್ಬ ಗಿರಾಕಿಯ ಮೇಲೆ ರೇಗಿದೆ. ಪಾಪ, ಅವಳು ಫಾಲ್ ಹಾಕಿಸಲು ಬಂದಿದ್ದಳು ಅಷ್ಟೇ.

ಅಕ್ಟೋಬರ್ 12, ಭಾನುವಾರ

ಸಂಘಮಿತ್ರಾ ಬೆಳಗ್ಗೆಯಿಂದ ಮೊಬೈಲ್ ಹಿಡಿದು ಬಾವುಟದ ಕಥೆ ಹುಡುಕುತ್ತಿದ್ದಳು. ನಾನು ಅವರೆಕಾಯಿ ಸುಲಿಯುತ್ತಾ ಕೇಳಿಸಿಕೊಂಡೆ.

"ಅಮ್ಮ, ಇದು ಮೊದ್ಲು ರಾಜ್ಯದ ಬಾವುಟನೇ ಅಲ್ಲ ಗೊತ್ತಾ? ಅರವತ್ತರ ದಶಕದಲ್ಲಿ ಇಲ್ಲೇ ಬೆಂಗಳೂರಲ್ಲಿ ಕನ್ನಡಕ್ಕೆ ಅಂತ ಚಳವಳಿ ಮಾಡ್ತಿದ್ದೋರು ಒಂದು ಪಕ್ಷ ಕಟ್ಟಿದ್ರು. ಅದರ ಬಾವುಟ ಇದು."

"ಪಕ್ಷ ಎಲ್ಲಿ ಈಗ?"

"ಪಕ್ಷ ಹೋಯ್ತು, ಬಾವುಟ ಉಳೀತು. ಇವತ್ತಿಗೂ ಯಾವ ಕಾನೂನಲ್ಲೂ ಇಲ್ಲ ಇದು. ಯಾರೂ ಆರ್ಡರ್ ಮಾಡ್ಲಿಲ್ಲ, ಜನ ಕಟ್ಟಿದ್ರು, ಅಷ್ಟೇ."

2018ರ ಗಲಾಟೆ ನನಗೇ ನೆನಪಿದೆ. ಸರ್ಕಾರ ನಡುವೆ ಬಿಳಿ ಪಟ್ಟಿ ಸೇರಿಸಿ, ಅದರಲ್ಲಿ ರಾಜ್ಯದ ಲಾಂಛನ ಇಟ್ಟು, ಒಪ್ಪಿಗೆಗೆ ಅಂತ ದೆಹಲಿಗೆ ಕಳಿಸಿತು. ಇವರಿಗೆ ಹುರುಪೋ ಹುರುಪು. "ಇನ್ಮೇಲೆ ಇದೇ ಕಣೇ ಓಡೋದು" ಅಂತ ಬಿಳಿ ಬಟ್ಟೆಯ ಥಾನು ತಂದು ಮೂರು ಬಣ್ಣದ ಬಾವುಟ ಕತ್ತರಿಸಿ ಕತ್ತರಿಸಿ ಹಾಕಿದರು. ದೆಹಲಿಯಿಂದ ಒಪ್ಪಿಗೆ ಬರಲೇ ಇಲ್ಲ. ಅಷ್ಟನ್ನೂ ನಾನು ದಿಂಬಿನ ಕವರ್ ಮಾಡಿದೆ. ದಿಂಬಿಗೆ ಯಾರ ಒಪ್ಪಿಗೆಯೂ ಬೇಕಿಲ್ಲ. ಇದನ್ನು ಹೇಳಿದಾಗ ಮಗಳು ಹೊಟ್ಟೆ ಹಿಡಿದು ನಕ್ಕಳು. ಜೂನ್ ಆದ ಮೇಲೆ ಅವಳು ನಕ್ಕಿದ್ದು ನಾನು ನೋಡಿದ್ದು ಇವತ್ತೇ.

ಆಮೇಲೆ ಅವಳು, "ಹಳದಿ ಶಾಂತಿ, ಕೆಂಪು ಕ್ರಾಂತಿ ಅಂತಾನೂ ಹೇಳ್ತಾರಮ್ಮ. ಅರಿಶಿನ ಕುಂಕುಮ ಒಂದೇ ಅರ್ಥ ಅಲ್ಲ" ಅಂದಳು.

"ಯಾವ ಅರ್ಥ ಇಟ್ಕೊಂಡ್ರೂ ನಂಗೇನು ಬಂತು? ನಿಮ್ಮಪ್ಪ ಹೋದ್ಮೇಲೆ ಶಾಂತಿನೂ ಇಲ್ಲ, ಕ್ರಾಂತಿ ಮಾಡೋ ತಾಕತ್ತೂ ಇಲ್ಲ."

ಮಗಳು ಮೊಬೈಲ್ ಕೆಳಗಿಟ್ಟಳು. ಪಕ್ಕದಲ್ಲಿ ಕೂತು ಅವರೆಕಾಯಿ ಸುಲಿದಳು.

ಅಕ್ಟೋಬರ್ 15, ಬುಧವಾರ

ತಡೆಯಲಾಗಲಿಲ್ಲ, ಅಕ್ಕಯ್ಯಮ್ಮನವರ ಮನೆಗೇ ಹೋದೆ. ಮಧ್ಯಾಹ್ನದ ಹೊತ್ತು, ಬೇರೆ ಯಾರೂ ಇರಲಿಲ್ಲ. ಜಗಲಿಯ ಮೇಲೆ ಕೂತು ಎಲೆ ಅಡಿಕೆ ಕುಟ್ಟುತ್ತಿದ್ದರು. ಮೂಡಲಪಾಳ್ಯ ಹೊಲವಾಗಿದ್ದಾಗಿನ ಹೆಂಗಸು. ಈಗ ಹೊಲವೆಲ್ಲ ಬಾಡಿಗೆ ಮನೆ, ಅವರು ಮಾತ್ರ ಹಾಗೇ ಇದ್ದಾರೆ.

"ಕುಂತ್ಕವ್ವ" ಅಂದರು. ನಾನು ಕೂರಲಿಲ್ಲ.

"ಅಜ್ಜಿ, ನಾನು ಹೊಲಿದಿರೋ ಬ್ಲೌಸು ನಿಮ್ಮ ಸೊಸೆ ಮೈ ಮೇಲಿದೆ. ನಿಮ್ಮ ಮನೆ ದೇವರ ಪರದೆಗೆ ಮೊನ್ನೆ ತಾನೆ ಅಂಚು ಹಾಕಿ ಕೊಟ್ಟಿದೀನಿ. ಅದಕ್ಕೆಲ್ಲ ಆಗೋ ಕೈ ಬಾವುಟಕ್ಕೆ ಯಾಕೆ ಆಗಲ್ಲ?"

ಅವರು ಕುಟ್ಟುವುದನ್ನು ನಿಲ್ಲಿಸಿದರು. ಬೈಯುತ್ತಾರೆ ಅಂದುಕೊಂಡೆ. ಬೈಯಲಿಲ್ಲ.

"ಆ ಕಂಬ ಯಾರು ನೆಟ್ಟಿದ್ದು ಗೊತ್ತೇನವ್ವ ನಿಂಗೆ? ನನ್ ಗಂಡ. ಮೊದ್ಲು ಮರದ್ದು, ಆಮೇಲೆ ಕಬ್ಬಿಣದ್ದು ಹಾಕ್ಸುದ್ರು. ಅವರು ಇರೋ ಗಂಟ ನಾನೇ ಪೂಜೆ ಮಾಡ್ತಿದ್ದೆ. ಹೋದ್ಮೇಲೆ ಒಂದ್ ದಿನಾನೂ ಆ ಕಂಬದ ತಾವ್ಕೆ ಹೋಗಿಲ್ಲ. ಮಾಡಿ ಮೇಲೆ ನಿಂತ್ಕಂಡು ನೋಡಿವ್ನಿ. ಯಾರೂ ಬಾ ಅನ್ನಲಿಲ್ಲ."

"ನೀವೇ ಹೋಗಬಹುದಿತ್ತಲ್ಲ ಅಜ್ಜಿ."

"ನಂಗಿಲ್ದಿದ್ದು ನಿಂಗೆಂಗೆ ಬತ್ತದೆ?" ಅಂದರು. ಮತ್ತೆ ಕುಟ್ಟಲು ಶುರು ಮಾಡಿದರು.

ಜಗಳಕ್ಕೆ ಎಂದೇ ಹೋಗಿದ್ದೆ, ಸೆರಗು ಬಿಗಿದುಕೊಂಡು ಹೋಗಿದ್ದೆ. ವಾಪಸ್ ಬರುವಾಗ ಕೋಪವೆಲ್ಲಾ ಎಲ್ಲಿ ಹೋಯಿತೋ. ಅವರ ಮೇಲೆ ಅಯ್ಯೋ ಅನಿಸಿತು, ನನ್ನ ಮೇಲೂ ಅನಿಸಿತು. ಅದಕ್ಕಿಂತ ಕೋಪವೇ ವಾಸಿಯಿತ್ತು.

ಅಕ್ಟೋಬರ್ 18, ಶನಿವಾರ

ಯಾರೂ ಹೇಳದೆ ನಾನೇ ಬಟ್ಟೆ ತಂದೆ. ಯಾರಿಗೂ ಅಲ್ಲ, ನನಗೇ. ದೊಡ್ಡ ಬಾವುಟ ಹೊಲಿಯದೆ ಕಾರ್ತಿಕ ಬಂದರೆ ನನಗೆ ಹುಚ್ಚು ಹಿಡಿಯುತ್ತದೆ.

ಆದರೆ ಕತ್ತರಿಸುವವರು ಯಾರು? ಇಷ್ಟು ವರ್ಷ ಅಷ್ಟು ಉದ್ದದ ಬಟ್ಟೆಗೆ ಕತ್ತರಿ ಹಾಕಿದವಳೇ ಅಲ್ಲ ನಾನು. ಇವರು ನೆಲದ ಮೇಲೆ ಚಾಪೆ ಹಾಸಿ, ಮಂಡಿಯೂರಿ, ಸೀಮೆಸುಣ್ಣದಲ್ಲಿ ಒಂದೇ ಗೆರೆ ಎಳೆಯುತ್ತಿದ್ದರು. ನಾನೂ ಹಾಗೇ ಮಂಡಿಯೂರಿದೆ. ಹಳದಿ ಸರಿಯಾಗಿ ಬಂತು. ಕೆಂಪಿಗೆ ಬರುವಷ್ಟರಲ್ಲಿ ಗೆರೆ ಬಿಟ್ಟು ಕತ್ತರಿ ಒಳಗೆ ಹೋಯಿತು. ಜೋಡಿಸಿ ನೋಡಿದರೆ ಹಳದಿ ಅಗಲ, ಕೆಂಪು ಕಿರಿದು.

"ನೀವಿದ್ದಿದ್ದರೆ" ಎಂದು ಶುರು ಮಾಡಿದವಳು ಅಲ್ಲೇ ನಿಲ್ಲಿಸಿದೆ. ಅಷ್ಟನ್ನೂ ತುಂಡು ಮಾಡಿ ಆಟೋ ಬಾವುಟ ಮಾಡುತ್ತಿದ್ದೇನೆ. ಒಂದಲ್ಲ ಒಂದು ಆಟೋ ಮೇಲೆ ಹಾರಿಕೊಂಡಿರಲಿ.

ಅಕ್ಟೋಬರ್ 22, ಬುಧವಾರ

ಬಲಿಪಾಡ್ಯಮಿ. ಬೀದಿಯಲ್ಲೆಲ್ಲ ಪಟಾಕಿ. ಮಗಳಿಗೆ ಒಬ್ಬಟ್ಟು ಮಾಡಿಕೊಟ್ಟೆ. ನಾನೂ ತಿಂದೆ.

ಅಕ್ಟೋಬರ್ 25, ಶನಿವಾರ

ಬೈರಪ್ಪನವರೇ ಪಂಚೆಗೆ ಅಂಚು ಹೊಲಿಸಲು ಬಂದಿದ್ದರು. ಅದೂ ಇದೂ ಮಾತಾಡಿ, ಕೊನೆಗೆ ಹೇಳಿದರು. ದೊಡ್ಡ ಬಾವುಟವನ್ನು ಚಿಕ್ಕಪೇಟೆಯ ಕಡೆಯಿಂದ ರೆಡಿಮೇಡ್ ತರಿಸುತ್ತಾರಂತೆ.

"ಬೇಜಾರ್ ಮಾಡ್ಕಬೇಡ ಕಲ್ಯಾಣಮ್ಮ. ಕೃಷ್ಣಯ್ಯ ಇದ್ದಿದ್ರೆ ಈ ಮಾತೇ ಬತ್ತಿರಲಿಲ್ಲ."

"ಅವರು ಇದ್ದಿದ್ರೂ ಹೊಲೀತಾ ಇದ್ದಿದ್ದು ನಾನೇ ಅಲ್ವಾ ಸಾರ್?" ಅಂದೆ.

ಅವರು ಪಂಚೆಯನ್ನು ಅಲ್ಲೇ ಬಿಟ್ಟು ಹೋದರು. ಹೊಲಿದಿಟ್ಟಿದ್ದೇನೆ. ಅಂಗಡಿ ಖಾಲಿ ಮಾಡು ಅಂದುಬಿಟ್ಟರೆ ಎಂದು ಆಮೇಲೆ ಹೆದರಿಕೆಯಾಯಿತು. ಅಂದರೆ ಅನ್ನಲಿ, ಮಾರೇನಹಳ್ಳಿಯಲ್ಲೂ ಅಂಗಡಿಗಳಿವೆ.

ಅಕ್ಟೋಬರ್ 30, ಗುರುವಾರ

ಇವತ್ತಿನದನ್ನು ಬರೆಯಲೇಬೇಕು.

ಸಂಜೆ ಅರುಣ್ ಕುಮಾರ್ ದೊಡ್ಡ ಪ್ಲಾಸ್ಟಿಕ್ ಕವರ್ ಕಂಕುಳಲ್ಲಿಟ್ಟುಕೊಂಡು, ಆ ಕಡೆ ಈ ಕಡೆ ನೋಡಿ ಒಳಗೆ ಬಂದ. ಅರ್ಧ ಶಟರ್ ತಾನೇ ಎಳೆದ. ಕವರ್ ಬಿಚ್ಚಿದರೆ ರೆಡಿಮೇಡ್ ಬಾವುಟ. ಬಣ್ಣ ಚೆನ್ನಾಗಿದೆ, ಸುಳ್ಳು ಯಾಕೆ ಹೇಳಲಿ. ಆದರೆ ಹಗ್ಗ ಪೋಣಿಸುವ ಪಟ್ಟಿಯೇ ಇಲ್ಲ. ಸುತ್ತ ಬರೀ ಮಡಿಸಿ ಹೊಲಿದಿದ್ದಾರೆ. ಗೋಡೆಗೆ ಹೊಡೆಯುವ ಬಾವುಟ ಅದು, ಕಂಬಕ್ಕೆ ಏರಿಸುವಂಥದ್ದಲ್ಲ. ತರುವವರು ನೋಡಿ ತರಬೇಕಲ್ಲವೇ? ಇಷ್ಟು ವರ್ಷ ಹೊಲಿದದ್ದು ಸೀದಾ ಕೈಗೆ ಸಿಗುತ್ತಿತ್ತು, ಬಾವುಟಕ್ಕೆ ಪಟ್ಟಿ ಬೇಕು ಎಂಬುದೇ ಅವರ ಮನೆಯಲ್ಲಿ ಯಾರಿಗೂ ಗೊತ್ತಿಲ್ಲ.

"ಆಂಟಿ, ಒಂದೇ ಒಂದು ಪಟ್ಟಿ. ಪ್ಲೀಸ್. ಬೇರೆ ಟೈಲರ್‌ಗಳೆಲ್ಲ ಇಷ್ಟು ದೊಡ್ಡದು ನಮ್ಮ ಕೈಲಾಗಲ್ಲ ಅಂದ್ರು. ಯಾರಿಗೂ ಗೊತ್ತಾಗೋದು ಬೇಡ. ಅಜ್ಜಿಗಂತೂ ಬೇಡ್ವೇ ಬೇಡ."

ಮೊದಲು ಸಂತೋಷವೇ ಆಯಿತು. ಬಂದೆಯಲ್ಲ ಮಗನೇ ಅಂತ. ಕೈ ಆಗಲೇ ಬಟ್ಟೆಯ ಮೇಲಿತ್ತು. ಆಮೇಲೆ ಆ ಅರ್ಧ ಎಳೆದ ಶಟರ್ ಕಣ್ಣಿಗೆ ಬಿತ್ತು. ನನ್ನ ಅಂಗಡಿಯಲ್ಲಿ ನಾನು ಕಳ್ಳಿಯ ಹಾಗೆ ಹೊಲಿಯಬೇಕಾ?

ಶಟರ್ ಪೂರ್ತಿ ಮೇಲೆ ತಳ್ಳಿದೆ.

"ಅರುಣಾ, ಹೊಲಿದು ಕೊಡ್ತೀನಿ. ಕದ್ದು ಮಾತ್ರ ಹೊಲಿಯಲ್ಲ. ನಿಮ್ಮಜ್ಜಿನ ಕರ್ಕೊಂಡು ಬಾ. ಅವರ ಮುಂದೆ ಹೊಲೀತೀನಿ. ಬೇಡ ಅಂದ್ರೆ ಬಾವುಟ ತಗೊಂಡು ಹೋಗು."

"ಆಂಟಿ, ಅವರು ಬರಲ್ಲ."

"ಬರದಿದ್ರೆ ಕಂಬ ಬರೀ ಕಂಬವಾಗೇ ಇರ್ಲಿ."

ಅವನು ಹೋದ. ಬಾವುಟವನ್ನು ಬಿಟ್ಟೇ ಹೋದ. ಎಂಥಾ ಮಾತು ಆಡಿಬಿಟ್ಟೆ. ಮಗಳು, "ಅಮ್ಮ, ಸೂಪರ್" ಅನ್ನುತ್ತಿದ್ದಾಳೆ. ಇವಳಿಗೇನು, ಬಾಡಿಗೆ ಕರಾರು ಇರುವುದು ನನ್ನ ಹೆಸರಲ್ಲಿ.

ಅಕ್ಟೋಬರ್ 31, ಶುಕ್ರವಾರ

ಬೆಳಗ್ಗೆಯಿಂದ ಒಂದು ಹೊಲಿಗೆ ಹಾಕಿಲ್ಲ. ಒಳಗೆ ಹೊರಗೆ, ಒಳಗೆ ಹೊರಗೆ. ಬರುವುದಿಲ್ಲ ಅಂತ ನಾನೇ ತೀರ್ಮಾನ ಮಾಡಿ ಕವರ್ ಮಡಿಸಿಡುತ್ತಿದ್ದೆ, ಅಷ್ಟರಲ್ಲಿ ಅಕ್ಕಯ್ಯಮ್ಮ ಮೊಮ್ಮಗನ ತೋಳು ಹಿಡಿದುಕೊಂಡು ಮೆಟ್ಟಿಲು ಹತ್ತಿದರು. ಸ್ಟೂಲ್ ಹಾಕಿದೆ. ಕೂತರು.

"ಹೊಲಿ, ನೋಡಾನ" ಅಂದರು. ಮುಖ ಗಂಟು ಹಾಕಿಕೊಂಡೇ ಇದ್ದರು.

ಪಟ್ಟಿಗೆ ಬಿಳಿ ದಪ್ಪ ಬಟ್ಟೆ ಅಳೆದು, ಗೆರೆ ಎಳೆದು, ಕತ್ತರಿಸಿದೆ. ಬಾವುಟದ ಒಂದು ತುದಿ ಮಿಷನ್ನಿಗೆ ಕೊಟ್ಟು ತುಳಿಯತೊಡಗಿದೆ. ಅವರ ಕಣ್ಣು ನನ್ನ ಕೈ ಮೇಲೆ. ಬಟ್ಟೆ ಉದ್ದ, ಮೇಜು ಸಣ್ಣದು. ನಾನು ಈ ಕಡೆ ಎಳೆದಂತೆಲ್ಲ ಆ ಕಡೆ ಕೆಂಪು ಜಾರಿ ಜಾರಿ ನೆಲದ ಕಡೆ ಹೋಗುತ್ತಿತ್ತು.

"ನೆಲಕ್ಕೆ ಬೀಳ್ತೈತಲ್ಲೇ" ಅಂದವರೇ ಅಕ್ಕಯ್ಯಮ್ಮ ಬಗ್ಗಿ ಎರಡೂ ಕೈಯಲ್ಲಿ ಬಾಚಿ ಮಡಿಲಿಗೆ ಹಾಕಿಕೊಂಡರು.

ನಾನು ಕಾಲು ನಿಲ್ಲಿಸಿದೆ. ಅರುಣ್ ಅವರ ಕೈಯನ್ನೇ ನೋಡುತ್ತಿದ್ದ. ಅವರಿಗೂ ಆಗ ಗೊತ್ತಾಯಿತು ಅನಿಸುತ್ತದೆ. ಮಡಿಲು ನೋಡಿಕೊಂಡರು. ಮಡಿಲ ತುಂಬ ಬಾವುಟ.

"ಯಾಕ್ ನಿಲ್ಸಿದೆ? ಹೊಲಿ" ಅಂದರು.

ಹೊಲಿದೆ. ಮುಗಿಯುವವರೆಗೆ ಅವರು ಬಿಡಲಿಲ್ಲ. ಎದ್ದು ಹೋಗುವಾಗ ಬಾವುಟವನ್ನು ಅರುಣ್ ಕೈಗೂ ಕೊಡಲಿಲ್ಲ, ಎದೆಗೆ ಒತ್ತಿಕೊಂಡು ತಾವೇ ಹೊತ್ತುಕೊಂಡು ಹೋದರು.

ನವೆಂಬರ್ 1, ಶನಿವಾರ

ಕಂಬದ ಹತ್ತಿರ ಶಾಮಿಯಾನ, ಮೈಕು, ಆಟೋದವರು, ಸ್ಕೂಲ್ ಮಕ್ಕಳು. ನಾನು ಹಿಂದೆ ಜೆರಾಕ್ಸ್ ಅಂಗಡಿಯ ಪಕ್ಕ ನಿಂತಿದ್ದೆ. ಬೈರಪ್ಪನವರ ಹೆಂಡತಿ ಬಾವುಟದ ಮಡಿಕೆಯೊಳಗೆ ಸೇವಂತಿಗೆ ಎಸಳು ಸುರಿದು, ಒಂದು ಹಿಡಿ ಅರಿಶಿನ, ಒಂದು ಹಿಡಿ ಕುಂಕುಮ ಹಾಕಿ ಸುತ್ತಿ ಕಟ್ಟಿದರು. ಗಂಟನ್ನು ಕಂಬದ ತುದಿಗೆ ಏರಿಸಿದರು. ಇನ್ನು ಹಗ್ಗ ಜಗ್ಗಿದರೆ ಗಂಟು ಬಿಚ್ಚಿಕೊಳ್ಳಬೇಕು.

ಅರುಣ್ ಭಾಷಣ ಓದಿದ. "ಈ ಬಾವುಟಕ್ಕೆ ಯಾವ ಸರ್ಕಾರದ ಮೊಹರೂ ಇಲ್ಲ. ಇದು ನಮ್ಮದು ಎಂದು ಜನ ಅಂದರು, ಅದಕ್ಕೇ ಇದು ನಮ್ಮದಾಯಿತು." ಮಗಳು ಚೆನ್ನಾಗಿ ಬರೆದಿದ್ದಾಳೆ. ಜನ ಚಪ್ಪಾಳೆ ತಟ್ಟಿದರು.

ಬೈರಪ್ಪನವರು ಹಗ್ಗಕ್ಕೆ ಕೈ ಹಾಕಿದರು. ಅಷ್ಟರಲ್ಲಿ ಗುಂಪು ಸರಿಯಿತು. ನೋಡಿದರೆ ಅಕ್ಕಯ್ಯಮ್ಮ. ಮಹಡಿಯಿಂದ ಇಳಿದು ಕಂಬದ ಕಡೆಗೇ ಬರುತ್ತಿದ್ದರು.

"ಅವ್ವ, ನೀನ್ ಯಾಕ್ ಬಂದೆ, ಅಲ್ಲೇ ನಿಂತ್ಕೊ" ಅಂದರು ಬೈರಪ್ಪನವರು, ಮೈಕಿಗೆ ಕೇಳಿಸದ ಹಾಗೆ.

"ನಿಮ್ಮಪ್ಪ ನೆಟ್ಟ ಕಂಬ ಕಣೋ. ನಾನ್ ಮುಟ್ಟುದ್ರೆ ಬಿದ್ದೋಗಲ್ಲ. ಬಿಡು ಹಗ್ಗ."

ಬೈರಪ್ಪನವರು ಸುತ್ತ ನೋಡಿದರು. ಅಷ್ಟು ಜನರ ಮುಂದೆ ಹೆತ್ತ ತಾಯಿಯ ಕೈ ತಳ್ಳುವುದು ಹೇಗೆ? ಬಿಟ್ಟರು.

ಅಕ್ಕಯ್ಯಮ್ಮ ಜಗ್ಗಿದರು. ಆಗಲಿಲ್ಲ. ಇನ್ನೊಂದು ಸಲ ಜಗ್ಗಿದರು. ಮುದಿ ಕೈ, ಎಲ್ಲಿಂದ ಬರಬೇಕು ಶಕ್ತಿ. ಸಹಾಯಕ್ಕೆ ಬಂದ ಮೊಮ್ಮಗನನ್ನು ಮೊಣಕೈಯಲ್ಲಿ ತಿವಿದು ಆಚೆ ತಳ್ಳಿ, ಗುಂಪಿನಲ್ಲಿ ಹುಡುಕಿದರು.

"ಕಲ್ಯಾಣಿ, ಎಲ್ಲಿದ್ದೀಯೇ? ಬಾರೇ ಇಲ್ಲಿ, ನನ್ ಒಬ್ಬಳ ಕೈಲಿ ಆಗಲ್ಲ."

ಎಲ್ಲರೂ ತಿರುಗಿ ನನ್ನನ್ನು ನೋಡಿದರು. ಯಾರ ಮುಖವನ್ನೂ ನೋಡದೆ ಹೋದೆ. ಅವರ ಕೈ ಮೇಲೆ ಕೈ ಇಟ್ಟು ಹಗ್ಗ ಹಿಡಿದೆ. ಇಬ್ಬರೂ ಸೇರಿ ಎಳೆದೆವು.

ಗಂಟು ಬಿಚ್ಚಿತು. ಎಸಳು, ಅರಿಶಿನ, ಕುಂಕುಮ, ಎಲ್ಲಾ ಕೆಳಗೆ ನಿಂತಿದ್ದ ನಮ್ಮಿಬ್ಬರ ಮೇಲೆ ಸುರಿಯಿತು. ತಲೆ ಮೇಲೆ, ಹಣೆ ಮೇಲೆ, ಮೂಗಿನ ಮೇಲೆ. ಚಪ್ಪಾಳೆ ತಟ್ಟಲು ಎತ್ತಿದ ಕೈಗಳು ಹಾಗೇ ನಿಂತವು. ಬೈರಪ್ಪನವರು ಗಾಬರಿಯಾಗಿ ಹೆಗಲ ಮೇಲಿನ ಟವೆಲ್ ತೆಗೆದು ತಾಯಿಯ ಮುಖ ಒರೆಸಲು ಬಂದರು.

ಅಕ್ಕಯ್ಯಮ್ಮ ಟವೆಲನ್ನು ಆಚೆ ತಳ್ಳಿ, ಕಣ್ಣು ಮುಚ್ಚಿಕೊಂಡು, "ಇರ್ಲಿ ಬಿಡೋ" ಅಂದರು. "ಎಷ್ಟು ವರ್ಷ ಆಗಿತ್ತು ಬಿದ್ದು."